ಸಾರಿಗೆ ನಿಗಮಗಳ ತಾತ್ಕಾಲಿಕ ನೌಕರರ ಕಾಯಮಾತಿ: ಪದೇ ಪದೇ ಕೇಳುವ ಪ್ರಶ್ನೆಗಳು

ಕರ್ನಾಟಕದ ನಾಲ್ಕು ರಸ್ತೆ ಸಾರಿಗೆ ನಿಗಮಗಳಲ್ಲಿ, ಅಂದರೆ ಕೆಎಸ್‌ಆರ್‌ಟಿಸಿ, ಬಿಎಂಟಿಸಿ, ವಾಯವ್ಯ ಕರ್ನಾಟಕ ಮತ್ತು ಕಲ್ಯಾಣ ಕರ್ನಾಟಕ ನಿಗಮಗಳಲ್ಲಿ ಬದಲಿ, ದಿನಗೂಲಿ, ತರಬೇತಿ, ಗುತ್ತಿಗೆ ಎಂಬ ನಾನಾ ಹೆಸರುಗಳಡಿ ದುಡಿದವರು, ದುಡಿಯುತ್ತಿರುವವರು ಕೇಳುವ ಪ್ರಶ್ನೆಗಳಿವು. ನ್ಯಾಯ ತಮ್ಮ ಕಡೆ ಇದ್ದೂ ಇವರಲ್ಲಿ ಅನೇಕರು ಸೋಲುತ್ತಾರೆ. ಕೈಯಲ್ಲಿ ಕಾಗದ ಇರುವುದಿಲ್ಲ, ಇಲ್ಲವೇ ಕಾಲ ಮೀರಿರುತ್ತದೆ, ಇಲ್ಲವೇ ತಟ್ಟಬಾರದ ಬಾಗಿಲು ತಟ್ಟಿರುತ್ತಾರೆ. ಆ ಸೋಲು ತಪ್ಪಲಿ ಎಂಬುದೇ ಈ ಉತ್ತರಗಳ ಉದ್ದೇಶ.

ನಾನು ಯಾವ ಬಗೆಯ ತಾತ್ಕಾಲಿಕ ನೌಕರ? ಅದರಿಂದ ವ್ಯತ್ಯಾಸವೇನು?

ತುಂಬ ವ್ಯತ್ಯಾಸವಿದೆ. ಮೊದಲು ನಿಮ್ಮ ನೇಮಕಾತಿ ಆದೇಶವನ್ನು ತೆಗೆದು ಓದಿ. ಪತ್ರಿಕಾ ಪ್ರಕಟಣೆ, ಅರ್ಜಿ, ಪರೀಕ್ಷೆ ಅಥವಾ ಚಾಲನಾ ಪರೀಕ್ಷೆ, ಮೀಸಲಾತಿ, ಆಯ್ಕೆ ಪಟ್ಟಿ ಇವೆಲ್ಲ ನಡೆದು ನಿಗಮವೇ ನಿಮ್ಮನ್ನು ತರಬೇತಿಗೆ ತೆಗೆದುಕೊಂಡಿದ್ದರೆ ನಿಮ್ಮ ಸ್ಥಾನ ಗಟ್ಟಿ. ಆದೇಶದಲ್ಲಿ ಹೇಳಿರುವ ತರಬೇತಿ ಅವಧಿ, ಅದರ ಮೇಲೆ ಪರೀಕ್ಷಾರ್ಥ ಅವಧಿ ಮುಗಿಸಿದರೆ ಕಾಯಮಾತಿ ನಿಮ್ಮ ಸಹಜ ಮುಂದಿನ ಹೆಜ್ಜೆ. ಕಾಯಂ ನೌಕರನ ಗೈರುಹಾಜರಿಯಲ್ಲಿ ಅವನ ಜಾಗಕ್ಕೆ ಕರೆಸಿಕೊಂಡವರು ಬದಲಿ ನೌಕರರು. ಕಾರ್ಯಾಗಾರದಲ್ಲಿ, ಬಸ್ ತೊಳೆಯುವಲ್ಲಿ, ಕಚೇರಿಯಲ್ಲಿ ದಿನದ ಲೆಕ್ಕಕ್ಕೆ ದುಡಿದವರು ದಿನಗೂಲಿಗಳು. ಏಜೆನ್ಸಿಯ ಮೂಲಕ ಬಂದವರದು ಬೇರೆಯೇ ಲೆಕ್ಕ, ಅದು ಮುಂದೆ ಬರುತ್ತದೆ.

ಐಟಿಐ ಮುಗಿಸಿ ಅಪ್ರೆಂಟಿಸ್ ಆಗಿ ಬಂದವರನ್ನು 1961ರ ಅಪ್ರೆಂಟಿಸ್ ಕಾಯ್ದೆ ಕಾರ್ಮಿಕರೆಂದೇ ಪರಿಗಣಿಸುವುದಿಲ್ಲ. ಆದರೆ ಉತ್ತರ ಪ್ರದೇಶದ ಸಾರಿಗೆ ನಿಗಮದ ಅಪ್ರೆಂಟಿಸ್‌ಗಳ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1995ರಲ್ಲಿ ಒಂದು ಉಪಕಾರ ಮಾಡಿದೆ: ಉಳಿದೆಲ್ಲ ಅರ್ಹತೆ ಸಮನಾಗಿದ್ದರೆ ಹೊರಗಿನ ಅಭ್ಯರ್ಥಿಗಿಂತ ತರಬೇತಿ ಪಡೆದ ಅಪ್ರೆಂಟಿಸ್‌ಗೆ ಆದ್ಯತೆ ಕೊಡಬೇಕು. ನೇಮಕಾತಿ ಪ್ರಕಟಣೆ ಹೊರಬಿದ್ದಾಗ ಅರ್ಜಿಯ ಜೊತೆ ಈ ಹಕ್ಕನ್ನು ಬರವಣಿಗೆಯಲ್ಲಿ ಕೇಳಿ.

ವರ್ಷಕ್ಕೆ 240 ದಿನ ಕೆಲಸ ಮಾಡಿದರೆ ಕಾಯಂ ಆಗುತ್ತೇನೆ ಎನ್ನುತ್ತಾರೆ. ನಿಜವೇ?

ಇಲ್ಲ. ಡಿಪೋಗಳಲ್ಲಿ ಇದಕ್ಕಿಂತ ಹೆಚ್ಚು ಹಬ್ಬಿರುವ, ಇದಕ್ಕಿಂತ ಹೆಚ್ಚು ಜನರನ್ನು ದಾರಿ ತಪ್ಪಿಸಿರುವ ಮಾತು ಇನ್ನೊಂದಿಲ್ಲ.

ಹನ್ನೆರಡು ತಿಂಗಳಲ್ಲಿ 240 ದಿನ ದುಡಿದರೆ ಅದನ್ನು ಒಂದು ವರ್ಷದ ನಿರಂತರ ಸೇವೆ ಎಂದು 1947ರ ಕೈಗಾರಿಕಾ ವಿವಾದಗಳ ಕಾಯ್ದೆಯ 25ಬಿ ಕಲಂ ಹೇಳುತ್ತಿತ್ತು. ಅದರಿಂದ ಸಿಗುವುದು ರಕ್ಷಣೆ. ಒಂದು ತಿಂಗಳ ನೋಟಿಸ್ ಅಥವಾ ಅದರ ಬದಲಿಗೆ ಸಂಬಳ, ಸೇವೆಯ ಪ್ರತಿ ವರ್ಷಕ್ಕೆ 15 ದಿನದ ವೇತನದಂತೆ ಪರಿಹಾರ, ಇವನ್ನು ಕೊಡದೆ ನಿಮ್ಮನ್ನು ಮನೆಗೆ ಕಳುಹಿಸುವಂತಿಲ್ಲ. ಕೊನೆಗೆ ಬಂದವರನ್ನು ಮೊದಲು ತೆಗೆಯಬೇಕು. ಮತ್ತೆ ಜನ ಬೇಕಾದಾಗ ತೆಗೆದವರನ್ನೇ ಮೊದಲು ಕರೆಯಬೇಕು. ಇವು ದೊಡ್ಡ ಹಕ್ಕುಗಳೇ, ಆದರೆ ಕಾಯಂ ಹುದ್ದೆ ಇವುಗಳಲ್ಲಿ ಸೇರಿಲ್ಲ. ಬದಲಿ ನೌಕರರಿಗೆ ಇನ್ನೂ ಒಂದು ಅನುಕೂಲವಿದೆ. ಲೇ-ಆಫ್ ಪರಿಹಾರದ, ಅಂದರೆ ಕೆಲಸವಿಲ್ಲವೆಂದು ತಾತ್ಕಾಲಿಕವಾಗಿ ಮನೆಯಲ್ಲಿ ಕೂರಿಸಿದಾಗ ಕೊಡುವ ಹಣದ ಮಟ್ಟಿಗೆ, ಒಂದು ವರ್ಷದ ನಿರಂತರ ಸೇವೆ ಮುಗಿಸಿದ ಬದಲಿ ನೌಕರನನ್ನು ಆಮೇಲೆ ಬದಲಿ ಎಂದು ಎಣಿಸುವಂತಿಲ್ಲ.

ನೆರೆಯ ತಮಿಳುನಾಡಿನಲ್ಲಿ 24 ತಿಂಗಳಲ್ಲಿ 480 ದಿನ ದುಡಿದವರಿಗೆ ಕಾಯಂ ಸ್ಥಾನ ಕೊಡುವ 1981ರ ಪ್ರತ್ಯೇಕ ಕಾಯ್ದೆ ಬಂತು. ನಮ್ಮಲ್ಲಿ ಅಂಥ ಕಾಯ್ದೆ ಮಾಡಿಲ್ಲ. ಬಹುಶಃ ಅಲ್ಲಿಯ ಮಾತು ಇಲ್ಲಿಗೆ ಬರುವಾಗ 480 ಹೋಗಿ 240 ಆಗಿರಬೇಕು.

ಎಣಿಸುವಾಗ ವಾರದ ರಜೆಯನ್ನೂ ಸಂಬಳ ಸಹಿತ ರಜಾ ದಿನಗಳನ್ನೂ ಸೇರಿಸಿಕೊಳ್ಳಿ. 1985ರಲ್ಲೇ ಸುಪ್ರೀಂ ಕೋರ್ಟ್ ಇದನ್ನು ಇತ್ಯರ್ಥ ಮಾಡಿದೆ. 210, 220 ದಿನಕ್ಕೆ ನಿಂತುಹೋದ ಎಷ್ಟೋ ಲೆಕ್ಕಗಳು ಇದರಿಂದ 240 ದಾಟುತ್ತವೆ.

ಅಷ್ಟು ದಿನ ದುಡಿದದ್ದನ್ನು ಸಾಬೀತು ಮಾಡುವುದು ಹೇಗೆ? ಹಾಜರಿ ಪುಸ್ತಕ ಅವರ ಬಳಿ ಇದೆ.

ಇದೇ ಇಡೀ ಹೋರಾಟದ ಹೃದಯ. ಕರ್ನಾಟಕದಿಂದಲೇ ಹೋದ ಎರಡು ಪ್ರಕರಣಗಳನ್ನು ನೆನಪಿಡಿ. ಹಡಿಮನಿ ಎಂಬ ಅರಣ್ಯ ಇಲಾಖೆಯ ದಿನಗೂಲಿಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2002ರಲ್ಲಿ ಹೇಳಿದ್ದು: 240 ದಿನ ದುಡಿದೆ ಎಂದು ಪ್ರಮಾಣಪತ್ರ (ಅಫಿಡವಿಟ್) ಸಲ್ಲಿಸಿದರೆ ಸಾಲದು, ಸಾಬೀತು ಮಾಡುವ ಹೊಣೆ ಕಾರ್ಮಿಕನದು. 2005ರ ಯಲ್ಲಟ್ಟಿ ಪ್ರಕರಣದಲ್ಲಿ ಅದೇ ನ್ಯಾಯಾಲಯ ಮಾತನ್ನು ಪೂರ್ತಿ ಮಾಡಿತು: ದಿನಗೂಲಿಗೆ ನೇಮಕಾತಿ ಪತ್ರವಾಗಲಿ ಸಂಬಳದ ಚೀಟಿಯಾಗಲಿ ಇರುವುದಿಲ್ಲ, ಅವನು ಸಾಕ್ಷಿಕಟ್ಟೆ ಏರಿ ಹೇಳಿಕೆ ಕೊಟ್ಟು, ಹಾಜರಿ ಪಟ್ಟಿ ತನ್ನಿ ಎಂದು ಮಾಲೀಕನನ್ನು ಕೇಳಿದರೆ ಆ ಹೊಣೆಯನ್ನು ನಿಭಾಯಿಸಿದಂತೆ. ಹಾಗಾಗಿ ನಿಮ್ಮ ವಕೀಲರು ದಾಖಲೆ ಹಾಜರುಪಡಿಸಲು ಅರ್ಜಿ ಹಾಕಿದ್ದಾರೆಯೇ ಎಂದು ಕೇಳಿ ತಿಳಿದುಕೊಳ್ಳಿ. ಆ ಒಂದು ಅರ್ಜಿ ಇಲ್ಲದೆ ಬಿದ್ದುಹೋದ ಪ್ರಕರಣಗಳಿಗೆ ಲೆಕ್ಕವಿಲ್ಲ.

ಸಾರಿಗೆ ನೌಕರರ ಭಾಗ್ಯವೆಂದರೆ ಇಲ್ಲಿ ಒಂದು ದಿನದ ಕೆಲಸ ನಾಲ್ಕೈದು ಕಡೆ ದಾಖಲಾಗುತ್ತದೆ. ಒಬ್ಬ ನಿರ್ವಾಹಕನ ಒಂದು ದಿನವನ್ನೇ ತೆಗೆದುಕೊಳ್ಳಿ. ಬೆಳಿಗ್ಗೆ ಡ್ಯೂಟಿ ಪಟ್ಟಿಯಲ್ಲಿ ಅವನ ಬಿಲ್ಲೆ ಸಂಖ್ಯೆಯ ಎದುರು ಷೆಡ್ಯೂಲ್ ಸಂಖ್ಯೆ ಬೀಳುತ್ತದೆ. ಟಿಕೆಟ್ ಯಂತ್ರ ಪಡೆಯುವಾಗ ಒಂದು ಸಹಿ. ಮಾರ್ಗಪತ್ರದಲ್ಲಿ ಬಸ್ಸಿನ ನೋಂದಣಿ ಸಂಖ್ಯೆ, ಚಾಲಕನ ಹೆಸರು, ನಡುವೆ ತನಿಖಾಧಿಕಾರಿ ಹತ್ತಿದರೆ ಅವರ ಸಹಿ. ರಾತ್ರಿ ಹಣ ಕಟ್ಟಿದಾಗ ರಸೀದಿ. ಚಾಲಕನಿಗಾದರೆ ಲಾಗ್‌ಶೀಟ್, ಡೀಸೆಲ್ ಲೆಕ್ಕ. ಹಾಜರಿ ಪುಸ್ತಕ ಕಳೆದುಹೋಗಿದೆ ಎಂದು ಯಾರಾದರೂ ಹೇಳಿದರೂ ಇವೆಲ್ಲವೂ ಒಟ್ಟಿಗೆ ಕಳೆದುಹೋಗುವುದಿಲ್ಲ. ಪ್ರತಿದಿನ ನಿಮ್ಮ ಡ್ಯೂಟಿಯ ಸಾಲನ್ನಾದರೂ ಒಂದು ಪುಸ್ತಕದಲ್ಲಿ ಬರೆದಿಡಿ: ದಿನಾಂಕ, ಷೆಡ್ಯೂಲ್, ಬಸ್ ಸಂಖ್ಯೆ, ಜೊತೆಗಿದ್ದವರು. ಸಂಬಳ ಬ್ಯಾಂಕಿಗೆ ಬರುತ್ತಿದ್ದರೆ ಖಾತೆಯ ವಿವರ, ಭವಿಷ್ಯ ನಿಧಿಯ ಪಾಸ್‌ಪುಸ್ತಕ ಇವೂ ಸಾಕ್ಷಿಯೇ.

ಕೆಲಸದಲ್ಲಿರುವಾಗಲೇ ಮಾಹಿತಿ ಹಕ್ಕಿನಡಿ ನಿಮ್ಮದೇ ಹಾಜರಿ ಕೇಳಿ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ಕರ್ನಾಟಕದ ನಿಯಮದಂತೆ ಒಂದು ಅರ್ಜಿಗೆ ಒಂದೇ ವಿಷಯ, 150 ಪದದೊಳಗೆ. «ಇಂಥ ದಿನಾಂಕದಿಂದ ಇಂಥ ದಿನಾಂಕದವರೆಗೆ ಇಂಥ ಘಟಕದಲ್ಲಿ ಬಿಲ್ಲೆ ಸಂಖ್ಯೆ ಇಷ್ಟರ ನಾನು ಕೆಲಸ ಮಾಡಿದ ದಿನಗಳ ಹಾಜರಿ ಪಟ್ಟಿಯ ದೃಢೀಕೃತ ಪ್ರತಿ» ಎಂದು ಬರೆದರೆ ಸಾಕು. ಉದ್ದುದ್ದ ಕಥೆ ಬೇಡ, ಏಕೆ ಎಂಬ ಪ್ರಶ್ನೆಯೂ ಬೇಡ.

ಉಮಾದೇವಿ ತೀರ್ಪಿನಿಂದ ಎಲ್ಲ ಮುಗಿಯಿತು ಎನ್ನುತ್ತಾರಲ್ಲ?

ಕರ್ನಾಟಕ ಸರ್ಕಾರ ಮತ್ತು ಉಮಾದೇವಿ ಪ್ರಕರಣದ ತೀರ್ಪು ಬಂದದ್ದು 2006ರ ಏಪ್ರಿಲ್ 10ರಂದು, ಐವರು ನ್ಯಾಯಮೂರ್ತಿಗಳ ಪೀಠದಿಂದ. ವಾಣಿಜ್ಯ ತೆರಿಗೆ ಇಲಾಖೆಯಲ್ಲಿ ವರ್ಷಗಟ್ಟಲೆ ದುಡಿದ ನಮ್ಮ ರಾಜ್ಯದ ದಿನಗೂಲಿಗಳೇ ಅದರಲ್ಲಿದ್ದರು. ಸರ್ಕಾರಿ ಕೆಲಸ ಎಲ್ಲರಿಗೂ ತೆರೆದಿರಬೇಕು, ಸಂವಿಧಾನದ 14 ಮತ್ತು 16ನೇ ವಿಧಿಗಳನ್ನು ಬದಿಗಿಟ್ಟು ಹಿಂಬಾಗಿಲಿನಿಂದ ಬಂದವರನ್ನು ಹೈಕೋರ್ಟುಗಳು ಕಾಯಂ ಮಾಡಿ ಎಂದು ಆದೇಶಿಸಬಾರದು ಎಂಬುದು ತೀರ್ಪಿನ ಸಾರ. ನಿಗಮಗಳೂ ಸಂವಿಧಾನದ ದೃಷ್ಟಿಯಲ್ಲಿ ಪ್ರಭುತ್ವವೇ, ಆದ್ದರಿಂದ ಇದು ಅವಕ್ಕೂ ತಟ್ಟುತ್ತದೆ.

ಅದೇ ತೀರ್ಪಿನ 53ನೇ ಪ್ಯಾರಾವನ್ನು ಮಾತ್ರ ಅಧಿಕಾರಿಗಳು ಓದಿ ಹೇಳುವುದಿಲ್ಲ. ಮಂಜೂರಾದ ಖಾಲಿ ಹುದ್ದೆಯಲ್ಲಿ, ವಿದ್ಯಾರ್ಹತೆ ಇದ್ದು, ನ್ಯಾಯಾಲಯದ ತಡೆಯಾಜ್ಞೆಯ ಬಲವಿಲ್ಲದೆ ಹತ್ತು ವರ್ಷ ದುಡಿದವರನ್ನು ಒಂದು ಬಾರಿಯ ಕ್ರಮವಾಗಿ ಸಕ್ರಮಗೊಳಿಸಬೇಕು ಎಂದು ಅದರಲ್ಲಿದೆ. ಅಂದರೆ ನೇಮಕಾತಿ ಅಕ್ರಮವಾಗಿರುವುದು ಬೇರೆ, ಕ್ರಮ ತಪ್ಪಿರುವುದು ಬೇರೆ. ಅರ್ಹತೆಯೇ ಇಲ್ಲದವನನ್ನು ಇಲ್ಲದ ಹುದ್ದೆಗೆ ತೆಗೆದುಕೊಂಡದ್ದು ಅಕ್ರಮ. ಅರ್ಹನನ್ನು ಇರುವ ಹುದ್ದೆಗೆ ಪೂರ್ತಿ ವಿಧಿವಿಧಾನ ಪಾಲಿಸದೆ ತೆಗೆದುಕೊಂಡದ್ದು ಕ್ರಮ ತಪ್ಪಿದ್ದು. ಎರಡನೆಯದಕ್ಕೆ ಪರಿಹಾರವಿದೆ. 2010ರಲ್ಲಿ ಎಂ.ಎಲ್. ಕೇಸರಿ ಪ್ರಕರಣದಲ್ಲಿ, ಅದೂ ಕರ್ನಾಟಕದ್ದೇ, ಆ ಒಂದು ಬಾರಿಯ ಪಟ್ಟಿಯಿಂದ ಬಿಟ್ಟುಹೋದ ಅರ್ಹರ ಹಕ್ಕು ಉಳಿದೇ ಇರುತ್ತದೆ ಎಂದು ನ್ಯಾಯಾಲಯ ಹೇಳಿತು. ಆ ಹತ್ತು ವರ್ಷ 2006ರ ಏಪ್ರಿಲ್ 10ಕ್ಕೆ ತುಂಬಿರಬೇಕು ಎಂಬುದನ್ನು ಮರೆಯಬೇಡಿ.

ನಾನು ಬಂದದ್ದು 2006ರ ನಂತರ. ನನಗೆ ದಾರಿಯೇ ಇಲ್ಲವೇ?

ಇದೆ. ಅದು ಕಾರ್ಮಿಕ ಕಾನೂನಿನ ದಾರಿ, ಮತ್ತು ಅದನ್ನು ತೋರಿಸಿಕೊಟ್ಟವರು ಮಹಾರಾಷ್ಟ್ರದ ಸಾರಿಗೆ ನಿಗಮದ ಸ್ವಚ್ಛತಾ ನೌಕರರು. ವರ್ಷಗಳ ಕಾಲ ಬಸ್ಸು ತೊಳೆದ ಅವರನ್ನು ಕಾಯಂ ಮಾಡಿ ಎಂದು ಅಲ್ಲಿನ ಕೈಗಾರಿಕಾ ನ್ಯಾಯಾಲಯ ಆದೇಶಿಸಿತು. ನಿಗಮ ಉಮಾದೇವಿ ತೀರ್ಪನ್ನು ಹಿಡಿದು ಸುಪ್ರೀಂ ಕೋರ್ಟಿಗೆ ಹೋಯಿತು. 2009ರಲ್ಲಿ ನಿಗಮ ಸೋತಿತು. ಉಮಾದೇವಿ ತೀರ್ಪು ಹೈಕೋರ್ಟುಗಳ ರಿಟ್ ಅಧಿಕಾರದ, ಅಂದರೆ ಸರ್ಕಾರಿ ಸಂಸ್ಥೆಗಳಿಗೆ ನೇರ ಆದೇಶ ಕೊಡುವ ಅಧಿಕಾರದ ಬಗ್ಗೆ ಮಾತನಾಡಿದೆ, ಅನುಚಿತ ಕಾರ್ಮಿಕ ಪದ್ಧತಿಯನ್ನು ತಡೆಯಲು ಕಾರ್ಮಿಕ ನ್ಯಾಯಾಲಯಗಳಿಗಿರುವ ಅಧಿಕಾರವನ್ನು ಕಸಿದಿಲ್ಲ ಎಂದಿತು ಸುಪ್ರೀಂ ಕೋರ್ಟ್. ಹುದ್ದೆಗಳು ಇದ್ದವು ಎಂಬುದು ಅವರ ಗೆಲುವಿನ ಆಧಾರ.

ಕಾಯಂ ನೌಕರರ ಸ್ಥಾನಮಾನ ಮತ್ತು ಸವಲತ್ತು ತಪ್ಪಿಸುವ ಉದ್ದೇಶದಿಂದ ಜನರನ್ನು ಬದಲಿ, ದಿನಗೂಲಿ ಅಥವಾ ತಾತ್ಕಾಲಿಕ ಎಂದು ವರ್ಷಗಟ್ಟಲೆ ಮುಂದುವರಿಸುವುದು ಅನುಚಿತ ಕಾರ್ಮಿಕ ಪದ್ಧತಿ. ಆ ನೌಕರರು ಆಧಾರ ಮಾಡಿಕೊಂಡ ಮಹಾರಾಷ್ಟ್ರದ ಕಾಯ್ದೆಯ ಈ ಮಾತು ಕೈಗಾರಿಕಾ ವಿವಾದಗಳ ಕಾಯ್ದೆಯ ಐದನೇ ಅನುಸೂಚಿಯ 10ನೇ ಅಂಶದಲ್ಲೂ ಇತ್ತು. ಎಂಬತ್ತೊಂಬತ್ತು ದಿನ ಡ್ಯೂಟಿ ಕೊಟ್ಟು, ಎರಡು ದಿನ ಮನೆಯಲ್ಲಿ ಕೂರಿಸಿ, ಮತ್ತೆ ಹೊಸ ಆದೇಶ ಕೊಡುವುದನ್ನು ನೀವು ಅನುಭವಿಸಿದ್ದರೆ ಆ ಎಲ್ಲ ಆದೇಶಗಳನ್ನು ದಿನಾಂಕವಾರು ಜೋಡಿಸಿಡಿ. ಉದ್ದೇಶವನ್ನು ಸಾಬೀತು ಮಾಡಲು ಅದಕ್ಕಿಂತ ಒಳ್ಳೆಯ ದಾಖಲೆ ಇಲ್ಲ.

ಇತ್ತೀಚಿನ ಗಾಳಿಯೂ ನೌಕರರ ಕಡೆಗಿದೆ. ಕೇಂದ್ರ ಜಲ ಆಯೋಗದ ಸ್ವಚ್ಛತಾ ಕೆಲಸಗಾರರ ಜಗ್ಗೋ ಪ್ರಕರಣ (2024ರ ಡಿಸೆಂಬರ್), ಗಾಜಿಯಾಬಾದ್ ನಗರ ನಿಗಮದ ತೋಟಗಾರರ ಶ್ರೀಪಾಲ್ ಪ್ರಕರಣ (2025ರ ಜನವರಿ), ಉತ್ತರ ಪ್ರದೇಶದ ಧರಂ ಸಿಂಗ್ ಪ್ರಕರಣ (2025ರ ಆಗಸ್ಟ್), ಮೂರರಲ್ಲೂ ಉಮಾದೇವಿ ತೀರ್ಪನ್ನು ದುಡಿಯುವವರ ಶೋಷಣೆಗೆ ಗುರಾಣಿ ಮಾಡಿಕೊಳ್ಳುವುದನ್ನು ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಕೆಲಸ ನಿತ್ಯದ್ದಾಗಿದ್ದರೆ ಅದನ್ನು ಮಾಡುವವರನ್ನು ಸದಾ ತಾತ್ಕಾಲಿಕವಾಗಿ ಇಡಬಾರದು ಎಂಬ ಮಾತು ಇವುಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ಬಸ್ಸು ಓಡಿಸುವುದಕ್ಕಿಂತ ನಿತ್ಯದ ಕೆಲಸ ಸಾರಿಗೆ ನಿಗಮದಲ್ಲಿ ಯಾವುದಿದೆ?

ನಾನೊಬ್ಬನೇ ಕಾರ್ಮಿಕ ನ್ಯಾಯಾಲಯಕ್ಕೆ ಹೋಗಿ ಕಾಯಂ ಮಾಡಿ ಎಂದು ಕೇಳಬಹುದೇ?

ಹೆಚ್ಚಿನವರು ಎಡವುವುದು ಇಲ್ಲಿಯೇ. ಕೆಲಸದಿಂದ ತೆಗೆದುಹಾಕಿದ್ದರೆ ಒಬ್ಬರೇ ವಿವಾದ ಎತ್ತಬಹುದು. ಕೆಲಸದಲ್ಲಿದ್ದುಕೊಂಡು ಕಾಯಮಾತಿ ಕೇಳುವುದಾದರೆ ಅದು ಸಾಮೂಹಿಕ ವಿವಾದವಾಗಬೇಕು. ಸಂಘ ಅಥವಾ ಗಣನೀಯ ಸಂಖ್ಯೆಯ ನೌಕರರು ಅದನ್ನು ತಮ್ಮದೆಂದು ಎತ್ತಿ ಹಿಡಿಯಬೇಕು. ಸಂಘದ ಸಭೆಯ ನಡವಳಿ, ನಿರ್ಣಯ, ಹಾಜರಿದ್ದವರ ಸಹಿ ಇವನ್ನು ಜೋಪಾನ ಮಾಡಿ. ಮೊದಲ ವಿಚಾರಣೆಯಲ್ಲೇ ಎದುರು ಪಕ್ಷದವರು ಇದನ್ನು ಪ್ರಶ್ನಿಸುತ್ತಾರೆ. ನಂತರ ಬೇಡಿಕೆ ಪತ್ರ ನಿಗಮಕ್ಕೆ, ಉತ್ತರ ಬಾರದಿದ್ದರೆ ಕಾರ್ಮಿಕ ಇಲಾಖೆಯ ಸಂಧಾನಾಧಿಕಾರಿಗೆ.

ವಿವಾದ ಎತ್ತಿದರೆ ಮರುದಿನವೇ ಡ್ಯೂಟಿ ನಿಲ್ಲಿಸುತ್ತಾರೆ ಎಂಬ ಭಯವಿದೆ.

ಈ ಭಯ ನ್ಯಾಯವಾದದ್ದೇ. ಆದರೆ ಕಾನೂನು ಇದನ್ನು ಮೊದಲೇ ಊಹಿಸಿದೆ. ಗುಜರಾತಿನ ಭಾವನಗರ ಪುರಸಭೆಯ ನೀರು ಸರಬರಾಜು ವಿಭಾಗದ ದಿನಗೂಲಿಗಳು ಕಾಯಮಾತಿಗಾಗಿ ವಿವಾದ ಹೂಡಿದ್ದರು. ಅದು ಇತ್ಯರ್ಥವಾಗುವ ಮುನ್ನವೇ ಕೆಲವರನ್ನು ತೆಗೆದುಹಾಕಲಾಯಿತು. ಕಾಯಮಾತಿಯೇ ವಿವಾದದ ವಿಷಯವಾಗಿರುವಾಗ ಕೆಲಸದಿಂದಲೇ ತೆಗೆಯುವುದು ಸೇವಾ ಷರತ್ತನ್ನು ಅವರಿಗೆ ಹಾನಿಯಾಗುವಂತೆ ಬದಲಿಸಿದಂತೆ, ಅನುಮತಿ ಪಡೆಯದೆ ಹಾಗೆ ಮಾಡುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1977ರಲ್ಲಿ ಹೇಳಿತು. ಆದ್ದರಿಂದ ಸಂಧಾನ ಪ್ರಕ್ರಿಯೆ ಶುರುವಾದ ದಿನಾಂಕ ಬಹಳ ಮುಖ್ಯ. ಸಂಧಾನಾಧಿಕಾರಿಯ ನೋಟಿಸಿನ ಪ್ರತಿ ನಿಮ್ಮ ಬಳಿ ಇರಲಿ, ಮತ್ತು ಬೇಡಿಕೆ ಪಟ್ಟಿಗೆ ಲಗತ್ತಿಸಿದ ಹೆಸರುಗಳಲ್ಲಿ ನಿಮ್ಮ ಹೆಸರು ಇದೆಯೇ ಎಂದು ಕಣ್ಣಾರೆ ನೋಡಿ.

ಹೊಸ ಕಾರ್ಮಿಕ ಸಂಹಿತೆಗಳಿಂದ ಏನು ಬದಲಾಗಿದೆ?

2025ರ ನವೆಂಬರ್ 21ರಿಂದ 1947ರ ಕಾಯ್ದೆಯ ಜಾಗಕ್ಕೆ 2020ರ ಕೈಗಾರಿಕಾ ಸಂಬಂಧಗಳ ಸಂಹಿತೆ ಬಂದಿದೆ. 240 ದಿನದ ನಿಯಮ, ನೋಟಿಸ್ ಮತ್ತು ಪರಿಹಾರ, ಅನುಚಿತ ಕಾರ್ಮಿಕ ಪದ್ಧತಿಯ ಪಟ್ಟಿ ಇವೆಲ್ಲ ಅದರಲ್ಲೂ ಇವೆ, ಕಲಂ ಸಂಖ್ಯೆ ಬೇರೆ. ನಿಮಗೆ ನಿಜವಾಗಿ ತಟ್ಟುವುದು ಕಾಲಮಿತಿ. ತೆಗೆದುಹಾಕಿದ್ದನ್ನು ಪ್ರಶ್ನಿಸಲು ಹಿಂದೆ ಮೂರು ವರ್ಷವಿತ್ತು, ಈಗ ಎರಡೇ ವರ್ಷ. ಸಂಧಾನಾಧಿಕಾರಿಗೆ ಅರ್ಜಿ ಕೊಟ್ಟು 45 ದಿನ ಕಳೆದ ಮೇಲೆ ನೇರವಾಗಿ ನ್ಯಾಯಮಂಡಳಿಗೆ ಹೋಗಬಹುದು. ಸಾಮೂಹಿಕ ವಿವಾದದಲ್ಲೂ ಸಂಧಾನ ಮುರಿದುಬಿದ್ದರೆ ಸರ್ಕಾರ ವಿವಾದವನ್ನು ನ್ಯಾಯಮಂಡಳಿಗೆ ಒಪ್ಪಿಸಲಿ ಎಂದು ಕಾಯಬೇಕಿಲ್ಲ. ಸಂಧಾನಾಧಿಕಾರಿಯ ವರದಿ ಕೈಗೆ ಬಂದ 90 ದಿನದೊಳಗೆ ಅರ್ಜಿ ಹಾಕಬೇಕು. ಸರ್ಕಾರದ ಮರ್ಜಿಗೆ ಕಾಯುವುದು ತಪ್ಪಿದ್ದು ಒಳ್ಳೆಯದು. ಎರಡು ವರ್ಷಕ್ಕೆ ಇಳಿಸಿದ್ದು ಮಾತ್ರ ಊರು ಬಿಟ್ಟು ದುಡಿಯುವ ಬಡವನಿಗೆ ಮಾಡಿದ ಅನ್ಯಾಯ ಎಂದೇ ನನ್ನ ಅಭಿಪ್ರಾಯ.

ತರಬೇತಿಯಲ್ಲಿರುವಾಗ ವಿಚಾರಣೆ ಇಲ್ಲದೆ ತೆಗೆದುಹಾಕಬಹುದೇ?

ಕೆಲಸ ತೃಪ್ತಿಕರವಾಗಿಲ್ಲ ಎಂಬ ಕಾರಣಕ್ಕೆ ಸರಳ ಆದೇಶದಿಂದ ಬಿಡುಗಡೆ ಮಾಡಬಹುದು. ಆದರೆ ಟಿಕೆಟ್ ಹಣ ದುರುಪಯೋಗ, ಕುಡಿತ, ಅಪಘಾತ ಮುಂತಾದ ಆರೋಪವೇ ಆದೇಶದ ಬುಡದಲ್ಲಿದ್ದರೆ ಅದು ಕಳಂಕ ಹಚ್ಚುವ ಆದೇಶ. ಅದಕ್ಕೆ ಆರೋಪ ಪಟ್ಟಿ, ವಿಚಾರಣೆ ಬೇಕು. ಆದೇಶದ ಮಾತು ಎಷ್ಟೇ ಮೃದುವಾಗಿದ್ದರೂ ಅದರ ಹಿಂದಿರುವ ಕಾರಣವನ್ನು ನ್ಯಾಯಾಲಯ ತೆರೆದು ನೋಡಬಲ್ಲದು.

ಬದಲಿ ನೌಕರರ ಸ್ಥಿತಿ ಇದಕ್ಕಿಂತ ನಾಜೂಕು. ಕೆಎಸ್‌ಆರ್‌ಟಿಸಿ ಮತ್ತು ಕೊಟ್ಟೂರಪ್ಪ ಪ್ರಕರಣದಲ್ಲಿ (2005) ಬದಲಿಯಾಗಿರುವಷ್ಟು ಕಾಲ ನೌಕರನಿಗೆ ಸ್ಥಾನಮಾನವಿಲ್ಲ, ಕಾರಣ ಕೇಳಿ ನೋಟಿಸ್ ಕೊಟ್ಟಿದ್ದ ಆ ಪ್ರಕರಣದಲ್ಲಿ ಕಾಯಂ ನೌಕರನಿಗೆ ನಡೆಸುವಂಥ ಪೂರ್ಣ ವಿಚಾರಣೆ ಕಡ್ಡಾಯವಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿದೆ. ಹಾಗಾಗಿ ನಿಮಗೆ ಬರುವ ಪ್ರತಿ ನೋಟಿಸಿಗೂ ಗಡುವಿನೊಳಗೆ ಬರವಣಿಗೆಯಲ್ಲಿ ಉತ್ತರ ಕೊಡಿ, ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಅನೇಕ ಸಲ ನಿಮ್ಮ ಇಡೀ ವಿಚಾರಣೆ ಆ ಒಂದು ಉತ್ತರವೇ ಆಗಿರುತ್ತದೆ.

ಏಜೆನ್ಸಿ ಮೂಲಕ ಬಂದ ಚಾಲಕ ನಾನು. ಎಲೆಕ್ಟ್ರಿಕ್ ಬಸ್ ಓಡಿಸುತ್ತೇನೆ. ನಿಗಮದಲ್ಲಿ ಕಾಯಂ ಆಗಬಹುದೇ?

ಕಷ್ಟ, ನೇರವಾಗಿಯೇ ಹೇಳಬೇಕು. ಬಿಎಂಟಿಸಿಯ ಗುತ್ತಿಗೆ ಮಾದರಿಯ ಎಲೆಕ್ಟ್ರಿಕ್ ಬಸ್ಸುಗಳಲ್ಲಿ ಬಸ್ಸೂ ಕಂಪನಿಯದು, ಚಾಲಕನೂ ಕಂಪನಿಯವನು, ನಿರ್ವಾಹಕ ಮಾತ್ರ ನಿಗಮದವನು. ಗುತ್ತಿಗೆ ರದ್ದಾದರೂ ಮೂಲ ಮಾಲೀಕ, ಅಂದರೆ ಗುತ್ತಿಗೆ ಕೊಟ್ಟ ಸಂಸ್ಥೆ, ತಾನಾಗಿ ಕೆಲಸ ಕೊಡಬೇಕಿಲ್ಲ ಎಂದು ಸುಪ್ರೀಂ ಕೋರ್ಟಿನ 2001ರ ಉಕ್ಕು ಪ್ರಾಧಿಕಾರದ (ಸೇಲ್) ತೀರ್ಪು ಹೇಳುತ್ತದೆ. ಗುತ್ತಿಗೆ ಬರೀ ಕಾಗದದ ಮೇಲಿನ ನಾಟಕ ಎಂದು ತೋರಿಸಿದರೆ ಮಾತ್ರ ನೀವು ನಿಗಮದ ನೇರ ನೌಕರರಾಗುತ್ತೀರಿ. ನೇಮಿಸಿದವರು ಯಾರು, ಸಂಬಳ ಕೊಡುವವರು ಯಾರು, ತೆಗೆಯುವ ಮತ್ತು ಶಿಸ್ತು ಕ್ರಮದ ಅಧಿಕಾರ ಯಾರದು, ನಿತ್ಯದ ನಿಯಂತ್ರಣ ಯಾರದು ಎಂದು ನ್ಯಾಯಾಲಯ ಕೇಳುತ್ತದೆ. ನಿಗಮದ ಬಸ್ಸನ್ನೇ ಓಡಿಸುತ್ತ, ಘಟಕ ವ್ಯವಸ್ಥಾಪಕರಿಂದಲೇ ರಜೆ ಮತ್ತು ಮೆಮೊ ಪಡೆಯುತ್ತ, ಏಜೆನ್ಸಿಯಿಂದ ಸಂಬಳದ ಚೀಟಿ ಮಾತ್ರ ಬರುತ್ತಿದ್ದರೆ ನಿಮ್ಮ ಪ್ರಕರಣಕ್ಕೆ ಜೀವವಿದೆ.

ಇನ್ನೊಂದು ಮಾತು: ಗುತ್ತಿಗೆದಾರ ಸಂಬಳ ಕೊಡದೆ ಕೈಯೆತ್ತಿದರೆ ಅದನ್ನು ಕೊಡುವ ಹೊಣೆ ಮೂಲ ಮಾಲೀಕನದು.

ಒಂದೇ ಕೆಲಸ, ಅರ್ಧ ಸಂಬಳ. ಇದನ್ನು ಪ್ರಶ್ನಿಸಬಹುದೇ?

ಪ್ರಶ್ನಿಸಬಹುದು, ಪ್ರಶ್ನಿಸಲೇಬೇಕು. 2016ರ ಜಗ್ಜಿತ್ ಸಿಂಗ್ ತೀರ್ಪಿನಂತೆ ಕಾಯಂ ನೌಕರರ ಕೆಲಸವನ್ನೇ ಮಾಡುವ ತಾತ್ಕಾಲಿಕ ನೌಕರರು ಆ ವೇತನ ಶ್ರೇಣಿಯ ಕನಿಷ್ಠ ಹಂತಕ್ಕೆ ಅರ್ಹರು. ಇದಕ್ಕೆ ಕಾಯಂ ಆಗುವವರೆಗೆ ಕಾಯಬೇಕಿಲ್ಲ. ಕರ್ತವ್ಯ ಒಂದೇ ಎಂದು ತೋರಿಸುವ ಹೊಣೆ ನಿಮ್ಮದು, ಮತ್ತು ಸಾರಿಗೆಯಲ್ಲಿ ಅದು ಸುಲಭ: ಒಂದೇ ಷೆಡ್ಯೂಲನ್ನು ಸೋಮವಾರ ಕಾಯಂ ಚಾಲಕ, ಮಂಗಳವಾರ ನೀವು ಓಡಿಸಿದ ಡ್ಯೂಟಿ ಪಟ್ಟಿ ಸಾಕು.

ಕಾಯಂ ಆಗುವವರೆಗೆ ಯಾವ ಸೌಲಭ್ಯವೂ ಇಲ್ಲವೇ?

ಇವೆ. ಭವಿಷ್ಯ ನಿಧಿಗೆ ದಿನಗೂಲಿ, ಗುತ್ತಿಗೆ ಎಂಬ ಭೇದವಿಲ್ಲ. ಐದು ವರ್ಷ ನಿರಂತರ ಸೇವೆ ತುಂಬಿದರೆ ಉಪದಾನಕ್ಕೂ (ಗ್ರಾಚ್ಯುಟಿ) ತಾತ್ಕಾಲಿಕ ಎಂಬುದು ಅಡ್ಡಿಯಲ್ಲ. ಹಿಂದಿನ 12 ತಿಂಗಳಲ್ಲಿ 80 ದಿನ ದುಡಿದ ಮಹಿಳೆಗೆ ಹೆರಿಗೆ ಸೌಲಭ್ಯ ಸಿಗಬೇಕು. ದೆಹಲಿ ಮಹಾನಗರ ಪಾಲಿಕೆಯ ದಿನಗೂಲಿ ಮಹಿಳೆಯರು 2000ದಲ್ಲಿ ಸುಪ್ರೀಂ ಕೋರ್ಟಿನವರೆಗೆ ಹೋಗಿ ಇದನ್ನು ಗೆದ್ದುಕೊಟ್ಟಿದ್ದಾರೆ. ಬಸುರಿ ನಿರ್ವಾಹಕಿಗೆ ಕೆಲಸಕ್ಕೆ ಬರಬೇಡ ಎಂದು ಹೇಳಿ ಕಳುಹಿಸುವವರಿಗೆ ಈ ತೀರ್ಪಿನ ಪ್ರತಿ ತೋರಿಸಿ. ಅವಧಿ ಮೀರಿದ ದುಡಿಮೆಗೆ ದುಪ್ಪಟ್ಟು ದರ ಎಂಬ ನಿಯಮ ತಾತ್ಕಾಲಿಕ ಚಾಲಕನಿಗೂ ಅನ್ವಯಿಸುತ್ತದೆ.

ಮುಷ್ಕರಕ್ಕೆ ಸೇರಬಹುದೇ?

2021ರ ಏಪ್ರಿಲ್ ಮುಷ್ಕರದಲ್ಲಿ ತರಬೇತಿ ನೌಕರರನ್ನೂ ವಜಾ ಮಾಡಿದ್ದನ್ನು ರಾಜ್ಯವೇ ನೋಡಿದೆ. ಕಾನೂನಿನಂತೆ 14 ದಿನದ ನೋಟಿಸ್ ಬೇಕು, ಸಂಧಾನ ನಡೆಯುತ್ತಿರುವಾಗ ಮುಷ್ಕರ ಹೂಡುವಂತಿಲ್ಲ, ಜೊತೆಗೆ ರಾಜ್ಯದ ಅಗತ್ಯ ಸೇವೆಗಳ ನಿರ್ವಹಣಾ ಕಾಯ್ದೆಯಿದೆ. ಸಂಘ ನೋಟಿಸ್ ಕೊಟ್ಟಿದೆಯೇ ಎಂದು ಕೇಳಿ ತಿಳಿದುಕೊಂಡೇ ಹೆಜ್ಜೆ ಇಡಿ.

ಇಷ್ಟು ಹಣ ಕೊಟ್ಟರೆ ಕಾಯಂ ಮಾಡಿಸಿಕೊಡುತ್ತೇನೆ ಎಂದು ಒಬ್ಬರು ಹೇಳುತ್ತಿದ್ದಾರೆ.

ಕೊಡಬೇಡಿ. ಲೋಕಾಯುಕ್ತಕ್ಕೆ ದೂರು ಕೊಡಿ.

ಕಾರ್ಮಿಕ ನ್ಯಾಯಾಲಯವೋ, ಹೈಕೋರ್ಟೋ?

ಸಾಕ್ಷ್ಯ ಬೇಕಾದ ವಿಷಯವಿದ್ದರೆ ಕಾರ್ಮಿಕ ನ್ಯಾಯಾಲಯ ಅಥವಾ ನ್ಯಾಯಮಂಡಳಿ. ಹಾಜರಿ, ಹುದ್ದೆ, ನಾಟಕದ ಗುತ್ತಿಗೆ ಇವೆಲ್ಲ ಸಾಕ್ಷಿಕಟ್ಟೆಯಲ್ಲಿ ತೀರ್ಮಾನವಾಗುವಂಥವು. ದಾಖಲೆಯಲ್ಲಿ ವಿವಾದವೇ ಇಲ್ಲದಿದ್ದರೆ, ಉದಾಹರಣೆಗೆ ಆಯ್ಕೆ ಪಟ್ಟಿಯಲ್ಲಿ ಹೆಸರಿದ್ದು, ತರಬೇತಿ ಮುಗಿದೂ ಆದೇಶ ಹೊರಡಿಸದಿದ್ದರೆ, ಬೆಂಗಳೂರು, ಧಾರವಾಡ ಅಥವಾ ಕಲಬುರಗಿ ಪೀಠದಲ್ಲಿ ರಿಟ್ ಅರ್ಜಿ ಹಾಕಬಹುದು.

ತೆಗೆದುಹಾಕಿದ್ದು ತಪ್ಪು ಎಂದು ಗೆದ್ದರೆ ಕೆಲಸ ಮರಳಿ ಸಿಗುವುದು ಖಚಿತವೇ?

ಖಚಿತವಲ್ಲ. ನೋಟಿಸ್, ಪರಿಹಾರ ಕೊಡಲಿಲ್ಲ ಎಂಬ ಒಂದೇ ತಪ್ಪಿಗೆ ದಿನಗೂಲಿಯನ್ನು ಮರುನೇಮಕ ಮಾಡುವ ಬದಲು ಒಂದಿಷ್ಟು ಹಣ ಕೊಡಿಸುವುದು ಸುಪ್ರೀಂ ಕೋರ್ಟಿನ ಈಚಿನ ಒಲವು. ನಿಮಗಿಂತ ಕಿರಿಯರನ್ನು ಉಳಿಸಿಕೊಂಡಿದ್ದರೆ, ನಿಮ್ಮ ನಂತರ ಹೊಸಬರನ್ನು ತೆಗೆದುಕೊಂಡಿದ್ದರೆ, ಅಥವಾ ಜೊತೆಯವರನ್ನು ಕಾಯಂ ಮಾಡಿ ನಿಮ್ಮನ್ನು ಬಿಟ್ಟಿದ್ದರೆ ಮರುನೇಮಕದ ಸಾಧ್ಯತೆ ಬಲವಾಗುತ್ತದೆ. ಅಂಥವರ ಹೆಸರು, ಬಿಲ್ಲೆ ಸಂಖ್ಯೆ, ಸೇರಿದ ದಿನಾಂಕ ಅರ್ಜಿಯಲ್ಲೇ ಇರಲಿ. ವಿಚಾರಣೆಯ ನಡುವೆ ನೆನಪಿಸಿಕೊಂಡು ಹೇಳಿದರೆ ಬೆಲೆ ಕಡಿಮೆ.

ವಕೀಲರಿಗೆ ಕೊಡಲು ಹಣವಿಲ್ಲ.

1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ 12ನೇ ಕಲಂ ಕೈಗಾರಿಕಾ ಕಾರ್ಮಿಕರಿಗೆ ಉಚಿತ ಕಾನೂನು ನೆರವಿನ ಹಕ್ಕು ಕೊಟ್ಟಿದೆ. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು ಹೇಗೂ ಅರ್ಹರು. ಜಿಲ್ಲಾ ನ್ಯಾಯಾಲಯದ ಆವರಣದಲ್ಲಿರುವ ಪ್ರಾಧಿಕಾರದ ಕಚೇರಿಗೆ ಗುರುತಿನ ಚೀಟಿ ಮತ್ತು ನಿಮ್ಮಲ್ಲಿರುವ ಕಾಗದಗಳನ್ನು ತೆಗೆದುಕೊಂಡು ಹೋಗಿ, ಅಥವಾ 15100ಕ್ಕೆ ಕರೆ ಮಾಡಿ. ಕಾರ್ಮಿಕ ನ್ಯಾಯಾಲಯದಲ್ಲಿ ಸಂಘದ ಪದಾಧಿಕಾರಿಯೂ ನಿಮ್ಮ ಪರವಾಗಿ ವಾದಿಸಬಹುದು, ಅದಕ್ಕೆ ಯಾರ ಒಪ್ಪಿಗೆಯೂ ಬೇಕಿಲ್ಲ.